ಹಂಚಲಾಗದ ಪಾಲು

ಬೀದರ್ ನಗರ ಕೆಂಪು ಕಲ್ಲಿನ ದಿಬ್ಬದ ಮೇಲಿದೆ. ಇಳಿದು ಒಂದಿಷ್ಟು ದೂರ ಹೋದರೆ ಒಂದು ಕಡೆ ತೆಲಂಗಾಣ, ಇನ್ನೊಂದು ಕಡೆ ಮಹಾರಾಷ್ಟ್ರ. ಕನ್ನಡದಲ್ಲಿ ಆರಂಭವಾದ ಮಾತು ಉರ್ದುವಿಗೆ ಹೊರಳಿ ಮರಾಠಿಯಲ್ಲೋ ತೆಲುಗಿನಲ್ಲೋ ಮುಗಿದರೆ ಇಲ್ಲಿ ಯಾರಿಗೂ ಸೋಜಿಗವಿಲ್ಲ. 1956ರ ನವೆಂಬರ್ 1ರಂದು ಹೈದರಾಬಾದ್ ರಾಜ್ಯ ಇಲ್ಲವಾದಾಗ ಹಳೆಯ ಬೀದರ್ ಜಿಲ್ಲೆ ಮೂರು ಪಾಲಾಯಿತು. ಬೀದರ್, ಭಾಲ್ಕಿ, ಹುಮನಾಬಾದ್ ಕಡೆಯ ಭಾಗ ಮೈಸೂರಿಗೆ ಬಂತು. ಉದಗೀರ್, ಅಹ್ಮದಪುರ, ನಿಲಂಗಾ ಮುಂಬಯಿಗೆ ಹೋದವು. ಜಹೀರಾಬಾದ್, ನಾರಾಯಣಖೇಡ ಆಂಧ್ರಕ್ಕೆ ಸೇರಿದವು. ನೆಲ ಹಂಚಿಕೆಯಾಯಿತು. ಆದರೆ ಅದಕ್ಕೆ ಎಂಟು ವರ್ಷ ಮೊದಲು ಇದೇ ನೆಲದಲ್ಲಿ ಸತ್ತವರನ್ನು ಯಾರ ಪಾಲಿಗೆ ಹಾಕುವುದು?

1948ಕ್ಕೆ ಇಲ್ಲಿ ಎರಡು ಹೆಸರುಗಳಿವೆ. ಕೆಲವು ಮನೆಗಳಲ್ಲಿ ಅದು ‘ರಜಾಕಾರರ ಹಾವಳಿ’. ಇನ್ನು ಕೆಲವು ಮನೆಗಳಲ್ಲಿ ‘ಪೊಲೀಸ್ ಆ್ಯಕ್ಷನ್’. ಮೊದಲನೆಯವರ ನೆನಪು ಆ ವರ್ಷದ ಮೇ ತಿಂಗಳಲ್ಲಿ, ಗೋರಟಾ ಗ್ರಾಮದಲ್ಲಿ ರಜಾಕಾರರು ನಡೆಸಿದ ಕಗ್ಗೊಲೆಯ ಬಳಿ ನಿಲ್ಲುತ್ತದೆ. ಎರಡನೆಯವರ ನೆನಪು ಆರಂಭವಾಗುವುದೇ ಸೆಪ್ಟೆಂಬರಿನಲ್ಲಿ, ಸೇನೆ ಬಂದ ಮೇಲೆ ಮುಸ್ಲಿಮರ ಮೇಲೆ ನಡೆದ ಹತ್ಯೆ, ಲೂಟಿಗಳಿಂದ. ಪಂಡಿತ ಸುಂದರಲಾಲ್ ಮತ್ತು ಕಾಜಿ ಅಬ್ದುಲ್ ಗಫಾರ್ ಅವರಿದ್ದ ನಿಯೋಗ ಅದೇ ವರ್ಷದ ಕೊನೆಗೆ ಊರೂರು ತಿರುಗಿ, ಸತ್ತವರ ಸಂಖ್ಯೆ 27 ಸಾವಿರದಿಂದ 40 ಸಾವಿರ ಇರಬಹುದೆಂದು ಅಂದಾಜು ಮಾಡಿತು. ಹೆಚ್ಚು ನೊಂದ ಜಿಲ್ಲೆಗಳಲ್ಲಿ ಬೀದರ್, ಗುಲ್ಬರ್ಗಾಗಳೂ ಇದ್ದವು. ಆ ವರದಿ ಸಾರ್ವಜನಿಕರಿಗೆ ಸಿಕ್ಕಿದ್ದು 2013ರಲ್ಲಿ. ಗೋರಟಾದಲ್ಲಿ 2023ರಲ್ಲಿ ಹುತಾತ್ಮರ ಸ್ಮಾರಕ ಎದ್ದು ನಿಂತಿತು. ಸೆಪ್ಟೆಂಬರಿನಲ್ಲಿ ಸತ್ತವರ ನೆನಪಿಗೆ ಮನೆಯೊಳಗಿನ ಪಿಸುಮಾತೇ ಸ್ಮಾರಕ.

ನಮ್ಮವರ ಸಾವನ್ನು ನೆನೆಯುವುದು ಸಹಜ. ಅದರಲ್ಲಿ ತಪ್ಪೇನೂ ಇಲ್ಲ. ಆದರೆ ನಮ್ಮವರ ಸಾವನ್ನು ಮಾತ್ರ ನೆನೆಯುವುದು ನ್ಯಾಯವೇ? ಇದು ಹಿಂದೂಗಳಿಗೆ ಮಾತ್ರ ಕೇಳಬೇಕಾದ ಪ್ರಶ್ನೆಯಲ್ಲ. ಮೊದಲು ನಾವು ನಮ್ಮನ್ನೇ ಕೇಳಿಕೊಳ್ಳಬೇಕು. ನಾವು ಮೇ ತಿಂಗಳ ಮಾತು ಬಂದಾಗ ದನಿ ತಗ್ಗಿಸಿ, ಸೆಪ್ಟೆಂಬರಿನ ಮಾತು ಬಂದಾಗ ಇನ್ಸಾಫ್ ಕೇಳಿದರೆ, ಅದು ಇನ್ಸಾಫ್ ಆಗುವುದಿಲ್ಲ, ಬರೀ ವಕೀಲಿಯಾಗುತ್ತದೆ.

ಈ ನೆಲ ಹೀಗೆ ಪಕ್ಷ ಕಟ್ಟುವುದನ್ನು ಕಲಿಸಿರಲಿಲ್ಲ. ಬೀದರಿನ ಮಗ್ಗುಲಲ್ಲೇ ಇರುವ ಅಷ್ಟೂರಿಗೆ ಹೋದರೆ ಬಹಮನಿ ಸುಲ್ತಾನರ ಗೋರಿಗಳು ಸಾಲಾಗಿ ನಿಂತಿವೆ. ಅವುಗಳಲ್ಲಿ ಒಂದು ಅಹ್ಮದ್ ಶಾಹನದು. ಮುಸ್ಲಿಮರಿಗೆ ಆತ ‘ವಲಿ’. ಲಿಂಗಾಯತ ಭಕ್ತರಿಗೆ ಅಲ್ಲಮಪ್ರಭು. ಪ್ರತಿವರ್ಷ ಅಲ್ಲಿಯ ಉರುಸಿಗೆ ಮಾಡಿಯಾಳದ ಜಂಗಮರು ಭಕ್ತರೊಡನೆ ನಡೆದು ಬರುತ್ತಾರೆ. ಅದೇ ಸಾಲಿನಲ್ಲಿ ಸಿಡಿಲು ಬಡಿದು ಸೀಳಿಹೋದ ಇನ್ನೊಂದು ಗುಮ್ಮಟವಿದೆ. ಅದು ಅವನದೇ ವಂಶದ ಹುಮಾಯೂನ್ ಶಾಹನದು. ಅವನ ಹೆಸರಿಗೆ ‘ಜಾಲಿಮ್’ ಎಂಬ ಪಟ್ಟ ಅಂಟಿದೆ. ಅಂಟಿಸಿದವರು ಪರಧರ್ಮದವರಲ್ಲ, ಆ ಹೆಸರನ್ನು ಉಳಿಸಿದ್ದು ಪಾರ್ಸಿಯಲ್ಲಿ ಚರಿತ್ರೆ ಬರೆದ ಮುಸ್ಲಿಮರೇ. ಒಂದೇ ಮನೆತನದ ಒಬ್ಬನನ್ನು ಎರಡು ಧರ್ಮದವರು ಪೂಜ್ಯನೆಂದರು, ಇನ್ನೊಬ್ಬನನ್ನು ಅವನ ಧರ್ಮದವರೇ ಜಾಲಿಮ್ ಎಂದರು. ನಡತೆಯನ್ನು ನೋಡಿದರೇ ಹೊರತು ಹೆಸರನ್ನು ನೋಡಲಿಲ್ಲ. ಸ್ವಂತದವರಿಗೆ ವಿರುದ್ಧವಾದರೂ ಸತ್ಯದ ಸಾಕ್ಷಿಯಾಗಿ ನಿಲ್ಲಬೇಕೆಂದು ನಮ್ಮ ಧರ್ಮ ಕೇಳುವುದೂ ಇದನ್ನೇ ಅಲ್ಲವೇ?

1948ರಲ್ಲೂ ಹೀಗೆ ನಿಂತವರಿದ್ದರು. ಹೈದರಾಬಾದಿನ ಉರ್ದು ಪತ್ರಿಕೆ ‘ಇಮ್ರೋಜ್’ನ ಸಂಪಾದಕ ಶೋಯೆಬುಲ್ಲಾ ಖಾನ್ ಸಂಸ್ಥಾನ ಭಾರತಕ್ಕೆ ಸೇರಬೇಕೆಂದೂ ರಜಾಕಾರರ ದಾರಿ ತಪ್ಪೆಂದೂ ಬರೆದರು. ಆ ಆಗಸ್ಟಿನಲ್ಲಿ ಅವರ ಕೊಲೆಯಾಯಿತು. ಸೆಪ್ಟೆಂಬರಿನ ಆ ದಿನಗಳಲ್ಲಿ ಹಿಂದೂ ನೇಕಾರರು ತಮ್ಮ ಜೊತೆಯ ಮುಸ್ಲಿಮ್ ನೇಕಾರರನ್ನು ಕಾಪಾಡಲು ಹೋಗಿ ಪ್ರಾಣವನ್ನೂ ಕೊಟ್ಟರೆಂದು ಸುಂದರಲಾಲ್ ವರದಿಯೇ ದಾಖಲಿಸಿದೆ. ಇವರನ್ನು ನಾವು ಎಷ್ಟು ನೆನೆಯುತ್ತೇವೆ? ಇವರು ಯಾವ ಪಕ್ಷದ ಲೆಕ್ಕಕ್ಕೂ ಒದಗುವುದಿಲ್ಲ. ಆದ್ದರಿಂದಲೇ ಎರಡೂ ಕಡೆಯವರು ಇವರನ್ನು ಮರೆತಿದ್ದಾರೆ.

ಹಳೆಯ ಗಾಯ ಕೆದಕುವುದೇಕೆ ಎಂದು ಹಿರಿಯರು ಕೇಳುತ್ತಾರೆ. ಅವರ ಭಯ ಸುಳ್ಳಲ್ಲ. ಆದರೆ ನಾವು ಬಾಯಿ ಮುಚ್ಚಿದರೆ ಗಾಯ ಮಾಯುವುದಿಲ್ಲ. ಮತಕ್ಕಾಗಿ ಅದನ್ನು ಕೆದಕುವವರ ಕೈಗೆ ಹೋಗುತ್ತದೆ. ಹಾಗೆಂದು ಮೇ ತಿಂಗಳ ಹೆಣಗಳನ್ನೂ ಸೆಪ್ಟೆಂಬರಿನ ಹೆಣಗಳನ್ನೂ ತಕ್ಕಡಿಗೆ ಹಾಕಿ ಸರಿದೂಗಿಸಬೇಕೆಂದು ನಾವು ಹೇಳುತ್ತಿಲ್ಲ. ಒಂದು ಕೊಲೆ ಇನ್ನೊಂದು ಕೊಲೆಗೆ ಉತ್ತರವಲ್ಲ. ಎರಡಕ್ಕೂ ಒಂದೇ ಕಣ್ಣೀರು ಬೇಕು ಎಂಬುದಷ್ಟೇ ನಮ್ಮ ಮಾತು.

ಗೋರಟಾದ ಸ್ಮಾರಕದ ಎದುರು ಒಬ್ಬ ಮುಸ್ಲಿಮ್ ತಲೆ ಬಾಗಿಸಿ ನಿಲ್ಲಲಿ. ಸೆಪ್ಟೆಂಬರಿನಲ್ಲಿ ಗಂಡನನ್ನು ಕಳೆದುಕೊಂಡವಳ ಮೊಮ್ಮಕ್ಕಳ ಮನೆಗೆ ಒಬ್ಬ ಹಿಂದೂ ಹೋಗಿ ಕುಳಿತು ಅವರ ಮಾತು ಕೇಳಲಿ. ಯಾರು ಮೊದಲು ಹೋಗಬೇಕು ಎಂದರೆ, ನಾವೇ ಹೋಗೋಣ. ನೆಲವನ್ನು ಮೂರು ರಾಜ್ಯಗಳು ಹಂಚಿಕೊಂಡಿವೆ, ಹಂಚಿಕೊಳ್ಳಲಿ. ಸತ್ತವರು ಮಾತ್ರ ಇಡೀ ಊರಿಗೆ ಸೇರಿದವರು.