ನೆನಪನ್ನು ಕಾಯುವ ಹೊಣೆ ಯಾರದು?



ಕನ್ನಡದ ಮೊದಲ ವಾಕ್ಚಿತ್ರ ‘ಸತಿ ಸುಲೋಚನ’ 1934ರ ಮಾರ್ಚ್ 3ರಂದು ತೆರೆಕಂಡಿತು. ಸುಬ್ಬಯ್ಯ ನಾಯ್ಡು, ಆರ್. ನಾಗೇಂದ್ರರಾವ್ ಅವರಂತಹ ಕಲಾವಿದರು ನಟಿಸಿದ ಆ ಚಿತ್ರವನ್ನು ಇಂದು ನಾವು ನೋಡುವಂತಿಲ್ಲ. ಅದರ ಒಂದು ಪ್ರತಿಯೂ ಉಳಿದಿಲ್ಲ.

ಚಿತ್ರಗಳು ನಾಶವಾಗಲು ಶತ್ರುವೇ ಬೇಕಿಲ್ಲ. ಹಳೆಯ ನೈಟ್ರೇಟ್ ಫಿಲ್ಮು ಸುಲಭವಾಗಿ ಹೊತ್ತಿಕೊಳ್ಳುತ್ತದೆ. 2003ರ ಜನವರಿಯಲ್ಲಿ ಪುಣೆಯಲ್ಲಿ ಇಂಥದ್ದೇ ಬೆಂಕಿಗೆ ಅನೇಕ ಅಮೂಲ್ಯ ಸುರುಳಿಗಳು ಆಹುತಿಯಾದವು. ನಂತರ ಬಂದ ಅಸಿಟೇಟ್ ಫಿಲ್ಮು ಸೆಕೆ ಮತ್ತು ತೇವಕ್ಕೆ ಹುಳಿ ವಾಸನೆ ಹೊಡೆದು ಸುರುಟಿಕೊಳ್ಳುತ್ತದೆ. ವಿಡಿಯೊ ಕ್ಯಾಸೆಟ್ಟಿಗೆ ಬೂಷ್ಟು ಹಿಡಿಯುತ್ತದೆ. ಅಲಕ್ಷ್ಯವೊಂದೇ ಸಾಕು.

“ಹಸಿದವರು ಎದುರಿಗಿರುವಾಗ ಹಳೆಯ ರೀಲಿಗೆ ಹಣ ಸುರಿಯುವುದು ಸರಿಯೇ?” ಎಂದು ನೀವು ಕೇಳಬಹುದು. ಪ್ರಶ್ನೆ ನ್ಯಾಯವಾದುದೇ. ಅನ್ನಕ್ಕೇ ಮೊದಲ ಸ್ಥಾನ. ಆದರೆ ಹಸಿದವನು ಬಾಯಿಬಿಟ್ಟು ಕೇಳಬಲ್ಲ. ತೀರಿಹೋದವರಾಗಲಿ, ಇನ್ನೂ ಹುಟ್ಟದವರಾಗಲಿ ಕೇಳಲಾರರು. ಕೇಳಲಾಗದವರ ಪಾಲನ್ನೂ ಕಾಯುವುದು ನ್ಯಾಯದ ಒಂದು ಭಾಗವಲ್ಲವೇ?

ಮಸೂತಿ, ಕೊಲ್ಹಾರದ ಕಡೆಯನ್ನೇ ನೋಡಿ. ಆಲಮಟ್ಟಿಯ ಹಿನ್ನೀರಿನಲ್ಲಿ ಹಳೆಯ ಕೊಲ್ಹಾರ ಮುಳುಗಿತು. ಮುಳುಗುವ ಮುನ್ನ ಅಲ್ಲಿ ತೆಗೆಸಿದ ಒಂದು ಮದುವೆಯ ವಿಡಿಯೊ ಯಾರ ಮನೆಯಲ್ಲಾದರೂ ಇದ್ದರೆ, ಅದು ಮದುವೆಯ ದಾಖಲೆ ಮಾತ್ರವಲ್ಲ. ಅದರಲ್ಲಿ ಆ ಓಣಿ ಇದೆ, ಕಟ್ಟೆ ಇದೆ, ಅಜ್ಜಿಯ ಮಾತಿನ ಧಾಟಿ ಇದೆ. ಬಡವರಿಗೆ ಯಾರೂ ಶಾಸನ ಕೆತ್ತಿಸುವುದಿಲ್ಲ. ಎಷ್ಟೋ ಮನೆಗಳಿಗೆ ಇರುವ ಇತಿಹಾಸ ಇಂಥ ಕ್ಯಾಸೆಟ್ಟೊಂದೇ.

ಯಜಮಾನನ ಹಣವನ್ನು ನೆಲದಲ್ಲಿ ಹೂತಿಟ್ಟ ಸೇವಕನ ಸಾಮತಿ ನಿಮಗೆ ಗೊತ್ತು. ಅವನ ಹಣವಾದರೂ ಹಾಗೆಯೇ ಉಳಿಯಿತು. ಟ್ರಂಕಿನಲ್ಲಿ ಹೂತಿಟ್ಟ ಫಿಲ್ಮು ಅಷ್ಟೂ ಉಳಿಯದು. ಇಡುವುದು ಬೇರೆ, ಕಾಯುವುದು ಬೇರೆ. ಗಿರೀಶ್ ಕಾಸರವಳ್ಳಿಯವರ ‘ಘಟಶ್ರಾದ್ಧ’ 1977ರ ಚಿತ್ರ. ಅದರ ಮೂಲ ನೆಗೆಟಿವ್ ಪುಣೆಯ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯದಲ್ಲಿ ಉಳಿದಿತ್ತು. ಆದ್ದರಿಂದಲೇ ಅದನ್ನು ಪುನರುಜ್ಜೀವಗೊಳಿಸಿ 2024ರಲ್ಲಿ ವೆನಿಸ್ ಉತ್ಸವದಲ್ಲಿ ತೋರಿಸಲು ಸಾಧ್ಯವಾಯಿತು.

ಹಾಗೆಂದು ಎಲ್ಲವನ್ನೂ ಉಳಿಸಬೇಕೆಂದಲ್ಲ. ಒಬ್ಬರ ಅವಮಾನದ ಗಳಿಗೆಯನ್ನು ಕಾಪಾಡಿ ಮುಂದಿನವರಿಗೆ ತೋರಿಸುವುದು ಪ್ರೀತಿಯಲ್ಲ. ಚಿತ್ರದಲ್ಲಿರುವವರ ಮಾನವೂ ನಮ್ಮ ವಶದಲ್ಲಿರುವ ಒಡವೆ. ಅವರು ಬದುಕಿದ್ದರೆ ಅವರನ್ನೇ ಕೇಳಬೇಕು. ಇಲ್ಲದಿದ್ದರೆ ಅವರು ಏನನ್ನು ಬಯಸುತ್ತಿದ್ದರೆಂದು ಯೋಚಿಸಬೇಕು.

ಈ ವಾರ ಮನೆಯ ಕಪಾಟು ತೆರೆದು ನೋಡಿ. ಬೂಷ್ಟು ಹಿಡಿದ ಕ್ಯಾಸೆಟ್ಟನ್ನು ಯಂತ್ರಕ್ಕೆ ತುರುಕಬೇಡಿ. ಬಲ್ಲವರಿಗೆ ಕೊಟ್ಟು ಶುಚಿ ಮಾಡಿಸಿ. ಪ್ರತಿ ತೆಗೆಸಿ ಎರಡು ಬೇರೆ ಬೇರೆ ಜಾಗಗಳಲ್ಲಿ ಇಡಿ. ಮನೆಯ ಹಿರಿಯರನ್ನು ಪಕ್ಕದಲ್ಲಿ ಕೂರಿಸಿಕೊಂಡು, ಅದರಲ್ಲಿ ಕಾಣುವ ಒಬ್ಬೊಬ್ಬರ ಹೆಸರನ್ನೂ ಕೇಳಿ ಬರೆದಿಡಿ. ಈ ಕೊನೆಯ ಕೆಲಸಕ್ಕೆ ಹಣ ಬೇಡ, ಆದರೆ ತಡಮಾಡುವಂತಿಲ್ಲ.