ರಾಟವಾಳದ ಬಿಡುಗಡೆ

ಬಂಧನದಲ್ಲಿರುವ ಪ್ರಾಣಿಯನ್ನು ಬಿಡಿಸುವುದು ಪುಣ್ಯಕಾರ್ಯವೆಂಬುದರಲ್ಲಿ ಯಾರಿಗೂ ಸಂಶಯವಿಲ್ಲ. ಆದರೆ ಆ ಬಿಡುಗಡೆಗೆಂದು ನಾವು ಕೊಟ್ಟ ಹಣವೇ ಮತ್ತೊಂದು ಪ್ರಾಣಿಯ ಬಂಧನಕ್ಕೆ ಕಾರಣವಾದರೆ ಅದು ಪುಣ್ಯವೆನಿಸುವುದೇ? ಇದು ಬರಿಯ ತರ್ಕದ ಪ್ರಶ್ನೆಯಲ್ಲ. ನನ್ನ ಸ್ವಂತ ತಪ್ಪಿನಿಂದ ಹುಟ್ಟಿದುದು. ಭಕ್ತರ ಮುಂದೆ ಅದನ್ನು ಮುಚ್ಚಿಡದೆ ನಿವೇದಿಸುತ್ತೇನೆ.

ಕೂಡ್ಲಿಗಿ, ಕೊಟ್ಟೂರು, ಹಗರಿಬೊಮ್ಮನಹಳ್ಳಿ, ಹಡಗಲಿ, ಹರಪನಹಳ್ಳಿಗಳ ನಮ್ಮ ಸೀಮೆಯಲ್ಲಿ ಜೋಳ, ಸಜ್ಜೆ, ನವಣೆಗಳ ಹೊಲದ ಬದುಗಳಲ್ಲಿಯೂ ಕೆರೆಯಂಗಳದ ಜೊಂಡಿನಲ್ಲಿಯೂ ರಾಟವಾಳಗಳೆಂಬ ಪುಟ್ಟ ಹಕ್ಕಿಗಳು ಗುಂಪುಗುಂಪಾಗಿ ಸುಳಿಯುತ್ತವೆ. ಅವುಗಳಲ್ಲಿ ಕೆಂಪು ರಾಟವಾಳವು ಗುಬ್ಬಿಗಿಂತಲೂ ಚಿಕ್ಕದು. ಹುಲ್ಲಿನ ಬೀಜವೇ ಇದರ ಮುಖ್ಯ ಆಹಾರ. ಗೆದ್ದಲು ಮೊದಲಾದ ಹುಳುಗಳನ್ನೂ ತಿನ್ನುವುದುಂಟು. ಮಳೆ ಬಿದ್ದು ಹುಲ್ಲು ತೆನೆಗಟ್ಟುವ ಕಾಲಕ್ಕೆ ಇದು ಹುಲ್ಲೆಸಳುಗಳನ್ನೇ ಹೆಣೆದು ಚೆಂಡಿನಂತಹ ಗೂಡು ಕಟ್ಟಿ, ನಾಲ್ಕಾರು ಬಿಳಿಯ ಮೊಟ್ಟೆಗಳನ್ನಿಡುತ್ತದೆ. ಆಗ ಗಂಡುಹಕ್ಕಿಯು ಬಿಳಿಯ ಚುಕ್ಕೆಗಳನ್ನುಳ್ಳ ಕಡುಗೆಂಪು ಬಣ್ಣವನ್ನು ತಳೆಯುತ್ತದೆ. ಆ ಕಾಲ ಕಳೆದ ಮೇಲೆ ಹೆಣ್ಣಿನಂತೆಯೇ ಮಾಸಲು ಕಂದಾಗುತ್ತದೆ.

ಈ ಚೆಲುವೇ ಅದಕ್ಕೆ ಸಂಕೋಲೆಯಾಯಿತು. ಹಿಂದೆ ಅಹಮದಾಬಾದಿನಿಂದ ಇದನ್ನು ಪಂಜರದ ಹಕ್ಕಿಯಾಗಿ ಕಡಲಾಚೆಗೆ ಸಾಗಿಸುತ್ತಿದ್ದರು. ಶಾಸ್ತ್ರಜ್ಞರು ಇದಕ್ಕಿಟ್ಟ ‘ಅಮಂದವ’ ಎಂಬ ಹೆಸರು ಆ ಊರ ಹೆಸರಿನ ಅಪಭ್ರಂಶವೇ ಆಗಿದೆ.

ಸುಮಾರು 20 ವರ್ಷಗಳ ಹಿಂದೆ ಒಂದು ಜಾತ್ರೆಯಲ್ಲಿ ಇಂತಹ ಹಕ್ಕಿಗಳನ್ನು ಪಂಜರದಲ್ಲಿ ತುಂಬಿಟ್ಟುಕೊಂಡು ಮಾರುತ್ತಿದ್ದವನನ್ನು ಕಂಡೆನು. ಸಂಗಡ ಶಾಲೆಯ ಮಕ್ಕಳಿದ್ದರು. ಅವರಿಗೆ ದಯೆಯ ಪಾಠ ಹೇಳಲು ಇದೇ ಸಮಯವೆಂದು ಬಗೆದು, ಎರಡು ಜೊತೆ ಕೊಂಡು ಅಲ್ಲಿಯೇ ಹಾರಿಬಿಟ್ಟೆನು. ಮೂರು ಹಾರಿಹೋದವು. ಒಂದರ ರೆಕ್ಕೆಯ ಗರಿಗಳು ಮುರಿದಿದ್ದವು. ಅದು ನೆಲದಲ್ಲಿಯೇ ಕುಪ್ಪಳಿಸುತ್ತಿತ್ತು. ಆದರೂ ಮಕ್ಕಳು ಚಪ್ಪಾಳೆಯಿಕ್ಕಿದರು. ನನ್ನ ಮನಸ್ಸೂ ಉಬ್ಬಿತು. ಮರುವರ್ಷ ಅದೇ ಜಾತ್ರೆಯಲ್ಲಿ ಆ ಮನುಷ್ಯನು ನನ್ನ ಗುರುತು ಹಿಡಿದು, “ಬರ್ರಿ ಮೇಷ್ಟ್ರೇ, ಬಿಡೋರಿಗೆ ಅಂತಾನೇ ಈ ಸಲ ಹೆಚ್ಚಿಗೆ ತಂದೀನಿ, ಎಷ್ಟು ಜೊತಿ ಕೊಡ್ಲಿ?” ಎಂದನು. ಆ ಮಾತು ಕೇಳಿ ನಾನು ನಾಚಿ ನಿಂತೆನು.

ಬಲೆಯನ್ನು ಒಡ್ಡಿದ ಕೈ ಅವನದು. ಒಡ್ಡಿಸಿದುದು ನನ್ನ ಹಣ. ಮಾಡಿದವನಂತೆ ಮಾಡಿಸಿದವನಿಗೂ ಕರ್ಮದಲ್ಲಿ ಪಾಲುಂಟೆಂಬುದು ಹಿರಿಯರ ನಿರ್ಣಯ. ಅವನಾದರೋ ಹೊಟ್ಟೆಗಾಗಿ ಮಾಡಿದನು. ನಾನು ಪುಣ್ಯವಂತನೆನಿಸಿಕೊಳ್ಳುವ ಆಸೆಯಿಂದ ಮಾಡಿದೆನು. ‘ನಾನು ಕೊಟ್ಟೆ’ ಎಂಬ ಭಾವವಳಿದ ಕೊಡುಗೆಯೇ ದಾಸೋಹವೆಂದು ಶರಣರು ಬೋಧಿಸಿದರು. ಅಂದು ನನ್ನಲ್ಲಿ ಆ ಭಾವ ಅಳಿದಿರಲಿಲ್ಲ. ಹಕ್ಕಿಯ ರೆಕ್ಕೆಗಿಂತ ಮಕ್ಕಳ ಚಪ್ಪಾಳೆಯೇ ನನಗೆ ಹೆಚ್ಚಾಗಿತ್ತು.

ಹಾಗಾದರೆ ಕಣ್ಣೆದುರಿನ ಪಂಜರವನ್ನು ಕಂಡೂ ಸುಮ್ಮನೆ ಹೋಗಬೇಕೇ ಎಂದು ಕೆಲವರು ಕೇಳಬಹುದು. ಸುಮ್ಮನಿರಬೇಕಾಗಿಲ್ಲ. 1972ರ ವನ್ಯಜೀವಿ ಸಂರಕ್ಷಣಾ ಕಾಯಿದೆಯಂತೆ ಈ ಹಕ್ಕಿಯನ್ನು ಹಿಡಿಯುವುದೂ ಮಾರುವುದೂ ಅಪರಾಧ. ಅರಣ್ಯ ಇಲಾಖೆಯವರಿಗೆ ತಿಳಿಸುವುದೇ ಸರಿಯಾದ ದಾರಿ. ಆದರೆ ಹಿಡಿಯುವವನನ್ನು ದ್ವೇಷಿಸಿ ಫಲವಿಲ್ಲ. ಕೊಳ್ಳುವವರಿಲ್ಲದಿದ್ದರೆ ಬಲೆಯೊಡ್ಡುವವರೂ ಇರುವುದಿಲ್ಲ. ಅವನಿಗೆ ಶುದ್ಧವಾದ ಕಾಯಕವೊಂದು ದೊರೆಯುವಂತೆ ಮಾಡುವುದು ಊರಿನವರ ಹೊಣೆ.

ಇನ್ನು ಬೆಳೆ ಕಾಯುವ ಒಕ್ಕಲಿಗರ ಮಾತು. ಅಟ್ಟದ ಮೇಲೆ ನಿಂತು ಕೂಗುತ್ತ, ಕವಣೆ ಬೀಸುತ್ತ ಹಕ್ಕಿಗಳನ್ನೆಬ್ಬಿಸುವ ತಾಯಿಯೂ ಹಿಂಸೆ ಮಾಡಿದಂತಾಗುವುದಿಲ್ಲವೇ ಎಂದು ಕೇಳುವವರುಂಟು. ಇದನ್ನೂ ಅದನ್ನೂ ಒಂದೇ ತಕ್ಕಡಿಯಲ್ಲಿ ತೂಗಲಾಗದು. ಆಕೆ ತನ್ನ ಮಕ್ಕಳ ಅನ್ನವನ್ನು ಕಾಯುತ್ತಾಳೆಯೇ ಹೊರತು ಹಕ್ಕಿಯನ್ನು ತನ್ನದಾಗಿಸಿಕೊಳ್ಳಬಯಸುವುದಿಲ್ಲ. ಅವಳ ಕವಣೆಯ ಸದ್ದಿಗೆ ಎದ್ದ ಹಕ್ಕಿ ಬೇರೊಂದು ಬದುವಿಗೆ ಹಾರುತ್ತದೆ. ಅದರ ಸ್ವಾತಂತ್ರ್ಯಕ್ಕೆ ಕುಂದಿಲ್ಲ. ಆದರೆ ಹಾರಿಹೋದ ಹಕ್ಕಿಗೆ ಇಳಿಯಲು ಆ ಬೇರೊಂದು ಬದು ಇರಬೇಕಲ್ಲವೇ? ಬದುವಿನ ಹುಲ್ಲನ್ನೆಲ್ಲ ಸುಟ್ಟು, ಕಳೆನಾಶಕವನ್ನು ಸಿಂಪಡಿಸಿದರೆ, ಬಲೆಯಿಲ್ಲದೆಯೇ ಸಾವಿರ ಹಕ್ಕಿಗಳ ಅನ್ನವನ್ನೂ ಗೂಡನ್ನೂ ಕಿತ್ತುಕೊಂಡಂತಾಯಿತು. ಈ ಹಿಂಸೆ ಕಣ್ಣಿಗೆ ಕಾಣದಾದುದರಿಂದ ನಮ್ಮ ಮನಸ್ಸನ್ನು ಚುಚ್ಚುವುದಿಲ್ಲ.

ಹಗರಿಬೊಮ್ಮನಹಳ್ಳಿ ತಾಲ್ಲೂಕಿನ ಅಂಕಸಮುದ್ರದ ಕೆರೆಯು 2017ರಲ್ಲಿ ಪಕ್ಷಿ ಸಂರಕ್ಷಣಾ ಮೀಸಲು ಪ್ರದೇಶವಾಗಿ, 2024ರಲ್ಲಿ ರಾಮ್ಸರ್ ತಾಣವೆಂಬ ಅಂತರರಾಷ್ಟ್ರೀಯ ಮನ್ನಣೆಯನ್ನೂ ಪಡೆಯಿತು. ಅಲ್ಲಿಯ ಕೊಕ್ಕರೆಗಳನ್ನು ನೋಡಲು ದೂರದಿಂದ ಜನ ಬರುತ್ತಾರೆ. ಹುಲ್ಲಿನಲ್ಲಿ ಅಡಗಿರುವ ಸಣ್ಣ ಹಕ್ಕಿಗೆ ಅಂತಹ ಮನ್ನಣೆ ಬೇಕಾಗಿಲ್ಲ; ಒಂದಿಷ್ಟು ಹುಲ್ಲು ಉಳಿದರೆ ಸಾಕು. ದನಕರುಗಳಿಗೂ ಹುಲ್ಲು ಬೇಕೆಂಬುದು ನಿಜ. ಆದುದರಿಂದ ಎಲ್ಲವನ್ನೂ ಬಿಡಿರೆಂದು ಯಾರೂ ಹೇಳಲಾರರು. ಬದುವಿನ ಒಂದು ಮೂಲೆಯನ್ನಾದರೂ, ಬೀಜ ಬಲಿತು ಉದುರುವವರೆಗೆ ಕೊಯ್ಯದೆ ಬಿಡುವುದು ಎರಡೆಕರೆಯ ಒಕ್ಕಲಿಗನಿಗೂ ಅಸಾಧ್ಯವಲ್ಲ.

ನಮ್ಮ ಶಾಲೆಯ ಹಿಂದಿನ ತಗ್ಗಿನಲ್ಲಿ ಕೆಲವು ವರ್ಷಗಳಿಂದ ಹೀಗೆ ಹುಲ್ಲನ್ನು ಉಳಿಸುತ್ತಿದ್ದೇವೆ. ಒಂದು ವರ್ಷ ರಾಟವಾಳಗಳು ಬಂದು ಗೂಡು ಕಟ್ಟಿದವು, ಮರುವರ್ಷ ಬರಲಿಲ್ಲ. “ಹಕ್ಕಿ ಬರಲಿಲ್ಲವಲ್ಲ ಗುರುಗಳೇ, ಹುಲ್ಲು ಕೊಯ್ಯೋಣವೇ?” ಎಂದು ಮಕ್ಕಳು ಕೇಳಿದರು. ಬಂದರೆ ಮಾತ್ರ ಕೊಡುತ್ತೇವೆಂಬುದು ವ್ಯಾಪಾರವಾದೀತೆಂದು ಹೇಳಿ, ಹುಲ್ಲನ್ನು ಹಾಗೆಯೇ ಬಿಡಿಸಿದೆನು. ಭಕ್ತರೂ ತಮ್ಮ ತಮ್ಮ ಬದುಗಳಲ್ಲಿ ಇದನ್ನು ಆಚರಿಸಿ ನೋಡಬೇಕೆಂದು ಬಿನ್ನಹ.