ಮೌನ ಯಾವಾಗಲೂ ಸಮ್ಮತಿಯೇ?

ಮೌನ ಸಮ್ಮತಿಯ ಲಕ್ಷಣ ಎಂದು ನಾವು ಸುಲಭವಾಗಿ ಹೇಳಿಬಿಡುತ್ತೇವೆ. ಮದುವೆಯ ಮಾತುಕತೆಯಲ್ಲಿ ಹುಡುಗಿ ತಲೆ ತಗ್ಗಿಸಿ ಕುಳಿತರೆ ಸಾಕು, ಹಿರಿಯರು ದಿನ ಗೊತ್ತು ಮಾಡುತ್ತಾರೆ. ಆ ಮೌನದಲ್ಲಿ ನಾಚಿಕೆ ಇತ್ತೋ ಭಯ ಇತ್ತೋ, ಕೇಳುವವರಾರು?

ಇರಾನಿನ ಮಜೀದ್ ಮಜೀದಿ ನಿರ್ದೇಶಿಸಿದ 'ಬಾರಾನ್' (2001) ಚಿತ್ರ ನೋಡುವಾಗ ಈ ಪ್ರಶ್ನೆ ನಮ್ಮನ್ನು ಕಾಡುತ್ತದೆ. ಅದರ ನಾಯಕಿ ಚಿತ್ರದುದ್ದಕ್ಕೂ ಒಂದು ಮಾತನ್ನೂ ಆಡುವುದಿಲ್ಲ. ಟೆಹರಾನಿನಲ್ಲಿ ಕಟ್ಟಡವೊಂದು ಏಳುತ್ತಿದೆ. ಅಫ್ಘಾನ್ ನಿರಾಶ್ರಿತರು ಅಲ್ಲಿ ಕದ್ದುಮುಚ್ಚಿ ಕೂಲಿ ಮಾಡುತ್ತಿದ್ದಾರೆ. ಅವರಲ್ಲೊಬ್ಬ ಬಿದ್ದು ಕಾಲು ಮುರಿದುಕೊಂಡಾಗ ಅವನ ಮಗಳು ಹುಡುಗನ ವೇಷ ತೊಟ್ಟು, ರಹಮತ್ ಎಂಬ ಹೆಸರಿನಲ್ಲಿ ಕೆಲಸಕ್ಕೆ ಬರುತ್ತಾಳೆ. ದನಿ ಹೊರಬಿದ್ದರೆ ಗುಟ್ಟು ರಟ್ಟಾಗುತ್ತದೆ, ಕೂಲಿಯೂ ಹೋಗುತ್ತದೆ. ಮೌನ ಬಂಗಾರ ಎನ್ನುವ ಗಾದೆ ಇಲ್ಲಿ ಸಲ್ಲದು. ಅವಳ ಮೌನ ಮನೆಯವರ ರೊಟ್ಟಿಗಾಗಿ ತೆತ್ತ ಬೆಲೆ.

ಅಲ್ಲಿ ಚಹಾ ಕೊಡುವ ಲತೀಫ್ ಜಗಳಗಂಟ. ತನ್ನ ಹಗುರವಾದ ಕೆಲಸ ಈ 'ಹುಡುಗ'ನ ಪಾಲಾದಾಗ ಕಾಟ ಕೊಡುತ್ತಾನೆ. ಒಂದು ದಿನ ಪರದೆಯಾಚೆ ಅವಳು ತಲೆ ಬಾಚಿಕೊಳ್ಳುವುದನ್ನು ಕಂಡು ದಂಗಾಗುತ್ತಾನೆ. ಅಂದಿನಿಂದ ಅವನೂ ಮೌನ ಕಲಿಯುತ್ತಾನೆ. ಗುಟ್ಟನ್ನು ಯಾರಿಗೂ ಹೇಳುವುದಿಲ್ಲ. ಅವಳ ಕೆಲಸ ಹೋದ ಮೇಲೆ ಹುಡುಕಿಕೊಂಡು ಹೋಗಿ, ಹೊಳೆಯಲ್ಲಿ ಕಲ್ಲು ಹೊರುತ್ತಿರುವ ಅವಳನ್ನು ದೂರದಿಂದ ನೋಡುತ್ತಾನೆ. ಕೊನೆಗೆ ತನ್ನ ಗುರುತಿನ ಚೀಟಿಯನ್ನೇ ಮಾರಿ, ತನ್ನ ಹಣವೆಂದು ಹೇಳದೆ ಅವಳ ತಂದೆಗೆ ಮುಟ್ಟಿಸುತ್ತಾನೆ.

ಇಬ್ಬರದೂ ಮೌನವೇ. ಆದರೆ ಅವನದು ಆರಿಸಿಕೊಂಡದ್ದು, ಅವಳದು ಹೇರಲ್ಪಟ್ಟದ್ದು. ಈ ಎರಡನ್ನೂ ಒಂದೇ ತಕ್ಕಡಿಯಲ್ಲಿ ತೂಗಬಾರದು. ಕತೆ ಬರೆಯುವ ನಾವೂ ಈ ತಪ್ಪು ಮಾಡಿದ್ದೇವೆ. ಮಾತಾಡದ ಹೆಂಗಸರನ್ನು ಸಹನೆಯ ಮೂರ್ತಿಗಳೆಂದು ಹೊಗಳಿ ಪುಟ ತುಂಬಿಸಿದ್ದೇವೆ.

ಕುಟುಂಬ ಅಫ್ಘಾನಿಸ್ತಾನಕ್ಕೆ ಹೊರಟಾಗ ಅವಳ ಕೈಯಲ್ಲಿದ್ದ ತರಕಾರಿ ನೆಲಕ್ಕೆ ಚೆಲ್ಲುತ್ತದೆ. ಇಬ್ಬರೂ ಕುಳಿತು ಹೆಕ್ಕುತ್ತಾರೆ. ಅವಳು ಒಮ್ಮೆ ಅವನನ್ನು ನೋಡಿ, ಮುಖದ ಮೇಲೆ ಬುರ್ಖಾ ಇಳಿಬಿಡುತ್ತಾಳೆ. ಕೆಸರಿನಲ್ಲಿ ಉಳಿದ ಅವಳ ಹೆಜ್ಜೆಗುರುತಿನಲ್ಲಿ ಮಳೆನೀರು ತುಂಬಿಕೊಳ್ಳುತ್ತದೆ. ಬಾರಾನ್ ಎಂದರೆ ಮಳೆ. ಆ ನೋಟ ಪ್ರೀತಿಯೋ, ಕೃತಜ್ಞತೆಯೋ, ಬರಿಯ ವಿದಾಯವೋ? ಲತೀಫ್ ಅದರ ಮೇಲೆ ಹಕ್ಕು ಸಾಧಿಸುವುದಿಲ್ಲ. ಅವನ ದೊಡ್ಡತನ ಇರುವುದೇ ಅಲ್ಲಿ.

ಆದರೆ ಅವನಿಗೆ ಕೇಳಲು ಕಾಲವಿರಲಿಲ್ಲ, ಅವಳ ಬಂಡಿ ಹೊರಟುಹೋಯಿತು. ನಮ್ಮ ಮನೆಯ ಹುಡುಗಿ ಇನ್ನೂ ನಮ್ಮೆದುರಿಗೇ ಕುಳಿತಿದ್ದಾಳೆ. ನಾವು ಕೇಳಬಹುದು. ಬೇಡ ಎಂದರೆ ಕೇಳಿಸಿಕೊಳ್ಳಲೂ ಬಹುದು.